ಸೈಟು ಮಾರುವ ಕಾಗದಕ್ಕೆ ಸಹಿ ಹಾಕಲಾ, ಬೇಡವಾ?

ಅಕ್ಕಾ, ನಮ್ಮದು ಹಾಸನ ಜಿಲ್ಲೆಯ ಒಂದು ಹಳ್ಳಿ. ನಮ್ಮ ಯಜಮಾನರು 28 ವರ್ಷ ಸೈನ್ಯದಲ್ಲಿದ್ದು, ಸೇನೆಯ ಎಂಜಿನಿಯರ್ಸ್ ದಳಕ್ಕೆ ಸೇರಿದ ಎಂಇಜಿಯಿಂದ (ಮದ್ರಾಸ್ ಎಂಜಿನಿಯರ್ ಗ್ರೂಪ್) ಸುಬೇದಾರ್ ಆಗಿ ನಿವೃತ್ತರಾದರು. ಈಗ ಮೂರು ವರ್ಷ ಆಯ್ತು. ಊರಿಗೆ ಬಂದ ದಿನ ಹುಡುಗರೆಲ್ಲ ಸೇರಿ ತೆರೆದ ಜೀಪಿನಲ್ಲಿ ಮೆರವಣಿಗೆ ಮಾಡಿದರು. ಅವತ್ತು ಯಾರೋ ‘ಸಾರ್, ನೀವು ಎಂಪಿ ಆಗ್ಬೇಕು’ ಅಂದರು. ಅದು ಅವರ ತಲೆಯಲ್ಲಿ ಕೂತುಬಿಟ್ಟಿದೆ. ಊರಿನ ಚರಂಡಿ, ಕುಡಿಯುವ ನೀರು, ಶಾಲೆಯ ಸೋರುವ ಮಾಡು ನೋಡಿ ದಿನಾ ಸಂಕಟಪಡುತ್ತಾರೆ. 2029ಕ್ಕೆ ಲೋಕಸಭೆಗೆ ನಿಂತೇ ನಿಲ್ಲುತ್ತೇನೆ ಅಂತಾರೆ. ಟಿಕೆಟ್ ಕೊಡಿಸ್ತೀನಿ ಅಂತ ಒಬ್ಬರು ಮನೆಗೆ ಬಂದು ಹೋಗುತ್ತಿದ್ದಾರೆ, ಮುಂಗಡ ಕೇಳುತ್ತಿದ್ದಾರೆ. ನಿವೃತ್ತಿಯಾದಾಗ ಬಂದ ಹಣದಲ್ಲಿ ತೆಗೆದುಕೊಂಡ ಸೈಟು ನಮ್ಮಿಬ್ಬರ ಹೆಸರಲ್ಲಿದೆ. ಅದನ್ನು ಮಾರೋಣ, ಸಹಿ ಹಾಕು ಅನ್ನುತ್ತಾರೆ. ಮಗಳು ಎರಡನೇ ಪಿಯುಸಿ. ಅವರು ಒಳ್ಳೆಯವರು ಅಕ್ಕಾ, ಕುಡಿಯುವುದಿಲ್ಲ, ಇನ್ನೊಬ್ಬರ ದುಡ್ಡು ಮುಟ್ಟಿದವರಲ್ಲ. ಅಂಥವರನ್ನು ತಡೆದರೆ ನಾನು ಸ್ವಾರ್ಥಿ ಆಗ್ತೀನಾ? ಅವರ ಕಪ್ಪು ಟ್ರಂಕು ಇನ್ನೂ ಕಟ್ಟಿದ ಹಾಗೇ ಮಂಚದ ಕೆಳಗಿದೆ. ಅದನ್ನು ನೋಡಿದಾಗಲೆಲ್ಲ ಮತ್ತೆ ಹೊರಟುಬಿಡ್ತಾರೇನೋ ಅನ್ಸುತ್ತೆ.
– ಹೆಸರು ಬೇಡ, ಹಾಸನ ಜಿಲ್ಲೆ

ತಂಗಿ, ಸಹಿ ಹಾಕಬೇಡಿ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ನೀವು ಈ ಉತ್ತರ ಓದುವ ಹೊತ್ತಿಗೆ ಆ ಮನುಷ್ಯ ಇನ್ನೊಂದು ಸಲ ಬಂದು ಕಾಫಿ ಕುಡಿದು ಹೋಗಿರಬಹುದು. ಟಿಕೆಟ್ ಕೊಡಿಸ್ತೀನಿ ಅಂತ ಮುಂಗಡ ಕೇಳುವವರಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ. ಕೊಟ್ಟ ದುಡ್ಡಿಗೆ ರಸೀದಿ ಇರುವುದಿಲ್ಲ. ನಾಳೆ ಟಿಕೆಟ್ ಬರದಿದ್ದರೆ ಯಾರನ್ನು ಕೇಳುತ್ತೀರಿ?

ಹಾಗಂತ ‘ರಾಜಕೀಯ ಬೇಡವೇ ಬೇಡ’ ಅಂತಲೂ ಅನ್ನಬೇಡಿ. ಈ ಎರಡು ಮಾತನ್ನೂ ಒಟ್ಟಿಗೆ ಹಿಡಿದುಕೊಳ್ಳಿ. ಉಳಿದದ್ದನ್ನು ನಿಧಾನವಾಗಿ ಹೇಳುತ್ತೇನೆ.

ನಿಮ್ಮ ಕಾಗದದಲ್ಲಿ ನನ್ನ ಮನಸ್ಸು ನಿಂತದ್ದು ಸೈಟಿನ ಮೇಲಲ್ಲ, ಕೊನೆಯ ಎರಡು ಸಾಲಿನ ಮೇಲೆ. ನಮ್ಮ ದೊಡ್ಡಪ್ಪನ ಮನೆಯಲ್ಲೂ ಅಂಥದ್ದೇ ಒಂದು ಟ್ರಂಕು ಇತ್ತು. ಕಪ್ಪು ಬಣ್ಣ, ಮುಚ್ಚಳದ ಮೇಲೆ ಬಿಳಿ ಪೇಂಟಿನಲ್ಲಿ ನಂಬರು, ಹೆಸರು. ರಜೆ ಮುಗಿಯುವ ಹಿಂದಿನ ರಾತ್ರಿ ದೊಡ್ಡಮ್ಮ ಅದರೊಳಗೆ ಚಕ್ಕುಲಿ ಡಬ್ಬಿ, ಹುರಿಹಿಟ್ಟು, ಬಟ್ಟೆಯಲ್ಲಿ ಸುತ್ತಿದ ಉಪ್ಪಿನಕಾಯಿ ಜಾಡಿ ಜೋಡಿಸುತ್ತಿದ್ದರು. ಚಿಲಕ ಬಿದ್ದ ಸದ್ದು ಕೇಳಿದರೆ ಆಡುತ್ತಿದ್ದ ನಾವು ಮಕ್ಕಳೆಲ್ಲ ಸುಮ್ಮನಾಗುತ್ತಿದ್ದೆವು. ದೊಡ್ಡಮ್ಮ ಅತ್ತದ್ದನ್ನು ನಾನು ನೋಡಲಿಲ್ಲ. ಆದರೆ ಅವತ್ತು ಅವರು ಊಟ ಮಾಡಿದ್ದನ್ನೂ ನೋಡಲಿಲ್ಲ.

ನೀವು ವರ್ಷಗಟ್ಟಲೆ ಆ ಚಿಲಕದ ಸದ್ದು ಕೇಳಿದ್ದೀರಿ. ಹೆರಿಗೆ, ಮಗಳ ಜ್ವರ, ಅತ್ತೆಯವರ ಆಸ್ಪತ್ರೆ, ಎಷ್ಟಕ್ಕೆ ಒಬ್ಬರೇ ನಿಂತಿದ್ದೀರೋ. ಈಗ ಮೂರು ವರ್ಷದಿಂದ ಮನೆಯಲ್ಲಿ ಇಬ್ಬರು ಇದ್ದೀರಿ. ಅದನ್ನು ಉಳಿಸಿಕೊಳ್ಳಬೇಕು ಅನ್ನುವುದು ಸ್ವಾರ್ಥವಾ? ನನಗೆ ಹಾಗೆ ಕಾಣುವುದಿಲ್ಲ. ಆದರೆ ನೀವು ಅವರ ಹತ್ತಿರ ಸೈಟಿನ ಮಾತಾಡುತ್ತಿದ್ದೀರಿ, ಟ್ರಂಕಿನ ಮಾತಾಡುತ್ತಿಲ್ಲ. ‘ದುಡ್ಡಿಗೆ ಹೆದರ್ತಾಳೆ’ ಅಂತ ಅವರು ತಿಳಿದಿದ್ದಾರೆ. ನೀವು ಹೆದರುತ್ತಿರುವುದು ಮತ್ತೆ ಕಾಯುವುದಕ್ಕೆ.

ಇನ್ನು ನಿಮ್ಮ ಯಜಮಾನರ ಆಸೆ. ಅದು ಚಿಕ್ಕದಲ್ಲ, ಕೆಟ್ಟದ್ದಂತೂ ಅಲ್ಲವೇ ಅಲ್ಲ. ಸೈನ್ಯದಿಂದ ಸಂಸತ್ತಿಗೆ ಹೋದವರು ಇದ್ದಾರೆ. ಬಿ. ಸಿ. ಖಂಡೂರಿ ಅವರನ್ನು ನೋಡಿ. ನಿಮ್ಮವರ ಹಾಗೇ ಸೇನೆಯ ಎಂಜಿನಿಯರ್ಸ್ ದಳದವರು, ಮೇಜರ್ ಜನರಲ್ ಆಗಿ ನಿವೃತ್ತರಾದವರು. 1991ರಲ್ಲಿ ಈಗಿನ ಉತ್ತರಾಖಂಡದ ಗಢವಾಲ್‌ನಿಂದ ಲೋಕಸಭೆಗೆ ಗೆದ್ದರು. ಮುಂದೆ ವಾಜಪೇಯಿ ಸರ್ಕಾರದಲ್ಲಿ ಹೆದ್ದಾರಿ ಖಾತೆ ನೋಡಿಕೊಂಡರು. ರಸ್ತೆ, ಸೇತುವೆ ಗೊತ್ತಿದ್ದ ಸೈನಿಕನಿಗೆ ರಸ್ತೆಯ ಕೆಲಸವೇ ಸಿಕ್ಕಿತು. ನಿಮ್ಮ ಯಜಮಾನರಿಗೆ ಈ ಕಥೆ ಗೊತ್ತಿದ್ದರೆ ಎದೆ ಉಬ್ಬುವುದು ಸಹಜ. ಆದರೆ ಖಂಡೂರಿ ಅವರು ಉತ್ತರ ಪ್ರದೇಶದ ಮುಖ್ಯಮಂತ್ರಿಯಾಗಿದ್ದ ಹೇಮವತಿ ನಂದನ್ ಬಹುಗುಣ ಅವರಿಗೆ ಸೋದರಳಿಯನಾಗಬೇಕು. ರಾಜಕೀಯ ಅವರ ಮನೆಯೊಳಗೇ ಇತ್ತು. ಅಷ್ಟಿದ್ದೂ 1996ರಲ್ಲಿ ಸೋತರು.

ನಮ್ಮ ರಾಜ್ಯದಲ್ಲೇ 2024ರಲ್ಲಿ ಕ್ಯಾಪ್ಟನ್ ಬ್ರಿಜೇಶ್ ಚೌಟ ಅವರು ದಕ್ಷಿಣ ಕನ್ನಡದಿಂದ ಗೆದ್ದರು. ಗೋರ್ಖಾ ರೈಫಲ್ಸ್‌ನಲ್ಲಿದ್ದವರು. ಸೈನ್ಯ ಬಿಟ್ಟ ಮಾರನೇ ದಿನ ಟಿಕೆಟ್ ಸಿಕ್ಕಿದ್ದಲ್ಲ, ವರ್ಷಗಟ್ಟಲೆ ಪಕ್ಷದ ಸಂಘಟನೆಯಲ್ಲಿ ಓಡಾಡಿದ ಮೇಲೆ ಸಿಕ್ಕಿದ್ದು.

ಈಗ ಸೋತವರನ್ನು ನೋಡಿ. ಕೊಡಗಿನ ಕಾರ್ಯಪ್ಪನವರ ಹೆಸರು ಕೇಳದ ಸೈನಿಕ ಯಾರಿದ್ದಾರೆ? ಭಾರತದ ಸೇನೆಗೆ ಮೊದಲ ಭಾರತೀಯ ಮುಖ್ಯಸ್ಥರು. 1949ರ ಜನವರಿ 15ರಂದು ಅವರು ಅಧಿಕಾರ ವಹಿಸಿಕೊಂಡರು ಅಂತಲೇ ಇವತ್ತಿಗೂ ಅದು ಸೇನಾ ದಿನ. ಅಂಥವರು 1971ರಲ್ಲಿ ಮುಂಬೈಯಿಂದ ಪಕ್ಷೇತರರಾಗಿ ಲೋಕಸಭೆಗೆ ನಿಂತು ಸೋತರು. ನಿಮ್ಮದೇ ಜಿಲ್ಲೆಯ ಗೊರೂರಿನ ಕ್ಯಾಪ್ಟನ್ ಗೋಪಿನಾಥ್ ಅವರನ್ನು ತೆಗೆದುಕೊಳ್ಳಿ. 1971ರ ಯುದ್ಧ ನೋಡಿದವರು, ಆಮೇಲೆ ಕಡಿಮೆ ದರದ ವಿಮಾನ ಹಾರಿಸಿ ದೇಶಕ್ಕೆಲ್ಲ ಗೊತ್ತಾದವರು. 2009ರಲ್ಲಿ ಬೆಂಗಳೂರು ದಕ್ಷಿಣದಿಂದ ಪಕ್ಷೇತರರಾಗಿ ನಿಂತರು, ಸೋತರು. ಇವರ ಯೋಗ್ಯತೆ ಬಗ್ಗೆ ಯಾರಾದರೂ ಮಾತಾಡಲು ಸಾಧ್ಯವಾ? ಜನ ಗೌರವ ಕೊಡುತ್ತಾರೆ, ಎದ್ದು ನಿಂತು ಕೈ ಮುಗಿಯುತ್ತಾರೆ. ಓಟಿನ ದಿನ ಅವರು ಕೇಳಿಕೊಳ್ಳುವುದು ಬೇರೆ ಪ್ರಶ್ನೆ: ನಾಳೆ ನನ್ನ ಕೆಲಸಕ್ಕೆ ಇವರು ಸಿಗ್ತಾರಾ?

ಮೆರವಣಿಗೆ ಮಾಡಿದ ನಿಮ್ಮೂರಿನ ಹುಡುಗರ ಪ್ರೀತಿ ನಿಜವಾದದ್ದೇ. ಅದನ್ನು ಅವರು ಇಟ್ಟುಕೊಳ್ಳಲಿ. ಆದರೆ ಹಾಸನ ಲೋಕಸಭಾ ಕ್ಷೇತ್ರ ಅಂದರೆ ಒಂದು ಊರಲ್ಲ, ಎಂಟು ವಿಧಾನಸಭಾ ಕ್ಷೇತ್ರ. ಆ ಕಡೆ ಚಿಕ್ಕಮಗಳೂರು ಜಿಲ್ಲೆಯ ಕಡೂರೂ ಇದರೊಳಗೇ ಬರುತ್ತದೆ. ಕಡೂರಿನವರಿಗೆ ನೀರಿನ ಚಿಂತೆ. ಅರಸೀಕೆರೆಯವರಿಗೆ ಕೊಬ್ಬರಿ ರೇಟು. ಸಕಲೇಶಪುರ, ಬೇಲೂರಿನ ತೋಟದವರಿಗೆ ಆನೆ ಕಾಟ, ಬೆಳಿಗ್ಗೆ ಎದ್ದು ಕಾಫಿ ಗಿಡ ಉಳಿದಿದೆಯಾ ಅಂತ ನೋಡಬೇಕು. ಇವರ ಮನೆ ಜಗಲಿಯ ಮೇಲೆ ನಿಮ್ಮ ಯಜಮಾನರು ಎಷ್ಟು ಸಲ ಕೂತಿದ್ದಾರೆ? ಇದನ್ನು ನೀವು ಜಗಳವಾಡಲು ಕೇಳಬೇಡಿ, ಸುಮ್ನೆ ಕೇಳಿ.

ನನಗೆ ಇನ್ನೊಂದು ಮಾತು ಕಾಡುತ್ತಿದೆ. ಅವರಿಗೆ ನೋವಾಗುತ್ತಿರುವುದು ಚರಂಡಿ, ನೀರು, ಶಾಲೆಯ ಮಾಡು ನೋಡಿ. ಇವು ಎಂಪಿಯ ಮುಖ್ಯ ಕೆಲಸವೇ ಅಲ್ಲ. ಎಂಪಿಗೆ ವರ್ಷಕ್ಕೆ 5 ಕೋಟಿಯ ಕ್ಷೇತ್ರಾಭಿವೃದ್ಧಿ ನಿಧಿ ಇದೆ, ನಿಜ. ಅದನ್ನು ಎಂಟು ವಿಧಾನಸಭಾ ಕ್ಷೇತ್ರದ ಹಳ್ಳಿಗಳಿಗೆಲ್ಲ ಹಂಚಿದರೆ ನಿಮ್ಮೂರಿಗೆ ಎಷ್ಟು ಬಂದೀತು? ಎಂಪಿ ಹೋಗುವುದು ಕಾನೂನು ಮಾಡಲು, ಪ್ರಶ್ನೆ ಕೇಳಲು, ಸಮಿತಿಗಳಲ್ಲಿ ಕೂತು ಬಜೆಟ್ ಲೆಕ್ಕ ಓದಲು. ಕೊಬ್ಬರಿಗೆ ಬೆಂಬಲ ಬೆಲೆ, ಸೈನಿಕರ ‘ಒಂದು ಶ್ರೇಣಿ ಒಂದು ಪಿಂಚಣಿ’, ಇವು ಅಲ್ಲಿನ ಮಾತು. ಚರಂಡಿ, ನಲ್ಲಿ ಗ್ರಾಮ ಪಂಚಾಯಿತಿಯ ಮಾತು. ಅವರಿಗೆ ಯಾವ ಕೆಲಸ ಮಾಡಬೇಕು ಅಂತಿದೆಯೋ ಮೊದಲು ಅದನ್ನು ಹೇಳಲಿ, ಯಾವ ಕುರ್ಚಿ ಅನ್ನುವುದನ್ನು ಆಮೇಲೆ ನೋಡೋಣ.

ನನ್ನನ್ನು ಕೇಳಿದರೆ ಗ್ರಾಮ ಪಂಚಾಯಿತಿಯಿಂದಲೇ ಶುರು ಮಾಡಲಿ ಅಂತೀನಿ. ಅಲ್ಲಿ ಪಕ್ಷದ ಚಿಹ್ನೆ ಇಲ್ಲ, ಟಿಕೆಟ್ ಇಲ್ಲ, ಟಿಕೆಟ್ ಕೊಡಿಸುವವರ ಕಾಟವೂ ಇಲ್ಲ. ರಾತ್ರಿ ಮನೆಗೆ ಬಂದು ಊಟ ಮಾಡಬಹುದು. ಮೇಲಿನವರು ಹೇಳಿದ್ದನ್ನು ಕೆಳಗಿನವರು ಮಾಡುವ ಕಡೆ ಅವರು 28 ವರ್ಷ ಇದ್ದರು. ಪಂಚಾಯಿತಿಯಲ್ಲಿ ಯಾರೂ ಯಾರ ಆರ್ಡರ್ ಕೇಳುವುದಿಲ್ಲ. ಒಂದು ಬೀದಿ ದೀಪಕ್ಕೆ ಹದಿನೈದು ಜನರನ್ನು ಒಪ್ಪಿಸಬೇಕು. ಬೈಸಿಕೊಂಡು ಮರುದಿನ ಅವರ ಮನೆ ಮದುವೆಗೇ ಹೋಗಬೇಕು. ಅದನ್ನು ಕಲಿಯದೆ ದಿಲ್ಲಿಗೆ ಹೋದವರಿಗೆ ಅಲ್ಲಿ ಕಲಿಸಲು ಯಾರಿಗೂ ಪುರುಸೊತ್ತಿಲ್ಲ.

ಚುನಾವಣೆ ಬರುವವರೆಗೂ ಕಾಯಬೇಕಿಲ್ಲ. ಸೈನಿಕರ ಪಿಂಚಣಿ ಈಗ ‘ಸ್ಪರ್ಶ್’ ಅನ್ನುವ ಆನ್‌ಲೈನ್ ವ್ಯವಸ್ಥೆಗೆ ಬಂದಿದೆ. ವರ್ಷಕ್ಕೊಮ್ಮೆ ಜೀವಂತ ಪ್ರಮಾಣಪತ್ರ ಕೊಡಬೇಕು. ಹಳ್ಳಿಯ ವಯಸ್ಸಾದ ಸೈನಿಕರಿಗೆ, ಗಂಡನನ್ನು ಕಳೆದುಕೊಂಡ ಹೆಂಗಸರಿಗೆ ಇದು ಎಷ್ಟು ಕಷ್ಟ ಅಂತ ನಿಮ್ಮ ಯಜಮಾನರಿಗೇ ಗೊತ್ತಿರುತ್ತದೆ. ಆಧಾರ್‌ನಲ್ಲಿ ಒಂದು ಹೆಸರು, ಸೇನೆಯ ಕಾಗದದಲ್ಲಿ ಇನ್ನೊಂದು. ಬೆರಳಿಟ್ಟರೆ ಯಂತ್ರ ಗುರುತೇ ಹಿಡಿಯುವುದಿಲ್ಲ, ಗೇದು ಗೇದು ಗೆರೆ ಸವೆದಿರುತ್ತವೆ. ವಾರಕ್ಕೆ ಒಂದು ದಿನ, ಒಂದು ಮೇಜು, ಒಂದು ಮೊಬೈಲ್ ಇಟ್ಟುಕೊಂಡು ಅವರು ಕೂರಲಿ. ಮೊದಲು ನಿಮ್ಮೂರಲ್ಲಿ, ಆಮೇಲೆ ಅರಸೀಕೆರೆಯಲ್ಲಿ, ಆಮೇಲೆ ಬೇಲೂರಲ್ಲಿ. ಇದಕ್ಕೆ ಸೈಟು ಮಾರಬೇಕಿಲ್ಲ. ಒಂದು ವರ್ಷದಲ್ಲಿ ಅವರಿಗೇ ಗೊತ್ತಾಗುತ್ತದೆ, ತಮಗೆ ಬೇಕಿದ್ದದ್ದು ಇದೇನಾ, ಇಲ್ಲ ದಿಲ್ಲಿಯೇನಾ ಅಂತ.

ಅದಾದ ಮೇಲೂ ಲೋಕಸಭೆಗೇ ನಿಲ್ಲುತ್ತೇನೆ ಅಂದರೆ ಲೆಕ್ಕವನ್ನು ಇಬ್ಬರೂ ಕೂತು ನೋಡಿ. ಠೇವಣಿ 25 ಸಾವಿರ, ಪರಿಶಿಷ್ಟರಿಗೆ ಅದರ ಅರ್ಧ. ಅದನ್ನು ಉಳಿಸಿಕೊಳ್ಳಲು ಸೋತರೂ ಆರನೇ ಒಂದು ಪಾಲು ಓಟು ಮೀರಬೇಕು. 12 ಲಕ್ಷ ಓಟು ಬಿದ್ದಿದೆ ಅಂದುಕೊಳ್ಳಿ, 2 ಲಕ್ಷಕ್ಕಿಂತ ಜಾಸ್ತಿ ಬೇಕು. ಪಕ್ಷೇತರರಾದರೆ ನಾಮಪತ್ರಕ್ಕೆ ಕ್ಷೇತ್ರದ ಹತ್ತು ಮತದಾರರ ಸಹಿ ಬೇಕು. ಖರ್ಚಿಗೆ 95 ಲಕ್ಷದ ಮಿತಿ ಇದೆ. ಅಷ್ಟು ಖರ್ಚು ಮಾಡಲೇಬೇಕು ಅಂತಲ್ಲ, ಅದನ್ನು ದಾಟುವ ಹಾಗಿಲ್ಲ ಅಂತ. ಬೇರೆ ಬ್ಯಾಂಕ್ ಖಾತೆ ತೆರೆಯಬೇಕು. ಫಲಿತಾಂಶ ಬಂದ 30 ದಿನದೊಳಗೆ ಲೆಕ್ಕ ಒಪ್ಪಿಸಬೇಕು. ಒಪ್ಪಿಸದಿದ್ದರೆ ಮೂರು ವರ್ಷ ಅನರ್ಹತೆ ಬರಬಹುದು.

ನಾಮಪತ್ರದ ಜೊತೆ ಕೊಡುವ ಆಸ್ತಿ-ಸಾಲದ ಅಫಿಡವಿಟ್ ಅವರೊಬ್ಬರದ್ದಲ್ಲ ಅನ್ನುವುದನ್ನೂ ತಿಳಿದುಕೊಳ್ಳಿ. ಅದರಲ್ಲಿ ನಿಮ್ಮ ಹೆಸರಿನ ಕಾಲಂ ಇದೆ. ನಿಮ್ಮ ಬ್ಯಾಂಕಿನಲ್ಲಿ ಎಷ್ಟಿದೆ, ಎಷ್ಟು ಗ್ರಾಂ ಬಂಗಾರ, ಸಂಘದಲ್ಲಿ ತೆಗೆದ ಸಾಲ ಎಷ್ಟು, ಎಲ್ಲ ಬರೆಯಬೇಕು. ಅದು ಚುನಾವಣಾ ಆಯೋಗದ ವೆಬ್‌ಸೈಟಿನಲ್ಲಿ ಊರಿಗೆಲ್ಲ ಕಾಣುತ್ತದೆ. ಹಾಗಾಗಿ ‘ಇದು ನನ್ನ ವಿಷಯ, ನೀನು ಸಹಿ ಹಾಕು ಸಾಕು’ ಅನ್ನುವ ಮಾತು ನಡೆಯುವುದಿಲ್ಲ.

ಫ್ಲೆಕ್ಸ್ ಮಾಡಿಸಲು ಯೂನಿಫಾರ್ಮಿನ ಫೋಟೋ ಹುಡುಕುತ್ತಿದ್ದರೆ ಅದನ್ನೂ ತಡೆಯಿರಿ. ಪ್ರಚಾರದಲ್ಲಿ ಸೈನಿಕರ ಫೋಟೋ ಬಳಸಬೇಡಿ ಅಂತ ಆಯೋಗ 2013ರಲ್ಲೇ ಪಕ್ಷಗಳಿಗೆ ಹೇಳಿದೆ, 2019ರ ಚುನಾವಣೆಗೆ ಮುಂಚೆ ಮತ್ತೆ ನೆನಪಿಸಿದೆ. ಕಾನೂನಿನ ಮಾತು ಬಿಡಿ, ಆ ಬಟ್ಟೆಗೆ ಇರುವ ಗೌರವವನ್ನು ಅವರಿಗಿಂತ ಚೆನ್ನಾಗಿ ಬಲ್ಲವರು ಯಾರು?

2023ರಲ್ಲಿ ಆದ ಸಂವಿಧಾನ ತಿದ್ದುಪಡಿಯಂತೆ ಜನಗಣತಿ, ಕ್ಷೇತ್ರ ಮರುವಿಂಗಡಣೆ ಆದ ಮೇಲೆ ಮೂರನೇ ಒಂದು ಪಾಲು ಲೋಕಸಭಾ ಕ್ಷೇತ್ರ ಮಹಿಳೆಯರಿಗೆ. ಈಗಿನ ಗಡಿ ನಂಬಿ ಇವತ್ತೇ ಆಸ್ತಿ ಮಾರಿದರೆ, ನಾಳೆ ಕ್ಷೇತ್ರವೇ ಬದಲಾಗಿರಬಹುದು.

ಈಗ ಅವರ ಹತ್ತಿರ ಹೇಗೆ ಮಾತಾಡುವುದು. ಆ ಮನುಷ್ಯ ಬಂದು ಹೋದ ದಿನ ಬೇಡ, ಮಗಳ ಎದುರಿಗೂ ಬೇಡ. ಸೈನ್ಯದಲ್ಲಿದ್ದವರು ಬೆಳಿಗ್ಗೆ ಬೇಗ ಏಳುತ್ತಾರಲ್ವಾ, ಆ ಹೊತ್ತಿಗೆ ಎರಡು ಲೋಟ ಕಾಫಿ ಹಿಡಿದುಕೊಂಡು ಹೋಗಿ ಕೂತುಕೊಳ್ಳಿ. ಸೈಟಿನ ಸುದ್ದಿ ತೆಗೆಯಬೇಡಿ. ‘ರೀ, ಆ ಟ್ರಂಕು ಯಾಕೆ ಇನ್ನೂ ಬಿಚ್ಚಿಲ್ಲ?’ ಅಂತ ಕೇಳಿ. ಉತ್ತರ ತಕ್ಷಣ ಬರಲಿಕ್ಕಿಲ್ಲ. ಅವರಿಗೂ ಯೂನಿಟ್ಟು, ಜೊತೆಯ ಹುಡುಗರು, ಮುಂಜಾನೆಯ ಸೀಟಿ, ಎಲ್ಲ ಒಂದೇ ದಿನಕ್ಕೆ ನಿಂತುಹೋಗಿವೆ. ಐವತ್ತರ ಆಸುಪಾಸಿನಲ್ಲಿ ಮನೆಯಲ್ಲಿ ಕೂತ ಗಟ್ಟಿ ಮನುಷ್ಯನಿಗೆ ‘ನಾನು ಇನ್ನು ಯಾರಿಗೆ ಬೇಕು’ ಅನ್ನಿಸುವುದಿಲ್ಲವಾ? ಜೀಪಿನ ಮೇಲೆ ನಿಂತ ಆ ಒಂದು ಗಂಟೆ ಅದಕ್ಕೇ ಅವರ ಮನಸ್ಸಿನಿಂದ ಇಳಿದಿಲ್ಲ ಅಂತ ನನಗೆ ಅನ್ನಿಸುತ್ತದೆ.

ಅವರು ಹೇಳಿದ್ದನ್ನು ಪೂರ್ತಿ ಕೇಳಿ. ಆಮೇಲೆ ನಿಮ್ಮದನ್ನು ಹೇಳಿ. ‘ನಿಮ್ಮ ಜೊತೆ ಓಡಾಡ್ತೀನಿ, ಮನೆಯಲ್ಲಿ ಒಬ್ಬಳೇ ಕೂತು ಕಾಯಲ್ಲ’ ಅನ್ನಿ. ಅವರು ಊರೂರಿಗೆ ಪಿಂಚಣಿ ಕಾಗದ ನೋಡಲು ಹೋಗುವಾಗ ಪಕ್ಕದಲ್ಲಿ ನೀವೂ ಕೂತಿರಿ. ವಿಧವೆಯರು ಅವರ ಹತ್ತಿರ ಬಾಯಿ ಬಿಡದ ಮಾತನ್ನು ನಿಮ್ಮ ಹತ್ತಿರ ಹೇಳುತ್ತಾರೆ.

ಮಗಳ ಸಿಇಟಿ ಮುಗಿದು ಸೀಟು ಗೊತ್ತಾಗುವವರೆಗೆ ಸೈಟಿನ ವಿಚಾರ ಇಬ್ಬರೂ ಎತ್ತುವುದಿಲ್ಲ ಅಂತ ಒಂದು ಒಪ್ಪಂದ ಮಾಡಿಕೊಳ್ಳಿ. ಕಾಗದ ಪತ್ರ ನಿಮ್ಮ ಬೀರುವಿನಲ್ಲೇ ಇರಲಿ. ಟ್ರಂಕು ಬಿಚ್ಚಿದ ದಿನ ನನಗೆ ಎರಡು ಸಾಲು ಬರೆಯಿರಿ, ಒಳಗೆ ಏನೇನಿತ್ತು ಅಂತ.