ಹಳೆಯ ಸ್ಕೂಬಿ ಡೂ ಕಾರ್ಟೂನ್‌ನಲ್ಲಿ ದೆವ್ವ ಕೊನೆಗೆ ಮನುಷ್ಯನೇ ಆಗಿರೋದು ಯಾಕೆ?

ಅದು ಬೇಕಂತಲೇ ಮಾಡಿದ್ದು. 1960ರ ದಶಕದ ಕೊನೆಗೆ ಅಮೆರಿಕದಲ್ಲಿ ಶನಿವಾರ ಬೆಳಗಿನ ಕಾರ್ಟೂನ್‌ಗಳಲ್ಲಿ ಹೊಡೆದಾಟ ಜಾಸ್ತಿಯಾಯ್ತು ಅಂತ ಪೋಷಕರ ಸಂಘಗಳು ಗಲಾಟೆ ಎಬ್ಬಿಸಿದ್ದವು. ಹಾಗಾಗಿ ಸಿಬಿಎಸ್ ವಾಹಿನಿಗಾಗಿ ಹನ್ನಾ-ಬಾರ್ಬೆರಾ ಸ್ಟುಡಿಯೋ ಗುದ್ದಾಟವಿಲ್ಲದ ಈ ಪತ್ತೇದಾರಿ ತಮಾಷೆಯನ್ನು ಮಾಡಿತು. ಶುರುವಾಗಿದ್ದು 1969ರ ಸೆಪ್ಟೆಂಬರ್‌ನಲ್ಲಿ. ಮಕ್ಕಳಿಗೆ ಸ್ವಲ್ಪ ಹೆದರಿಕೆಯೂ ಆಗಬೇಕು, ರಾತ್ರಿ ನಿದ್ದೆಯೂ ಬರಬೇಕು, ಅಲ್ವಾ?

ಮೊದಲ ಕಂತನ್ನೇ ನೋಡಿ. ಕಪ್ಪು ಕವಚ ತೊಟ್ಟು ಎಲ್ಲರನ್ನೂ ಅಟ್ಟಾಡಿಸುವ ಯೋಧನ ಶಿರಸ್ತ್ರಾಣ ಕಿತ್ತರೆ ಒಳಗಿರೋದು ಮ್ಯೂಸಿಯಂ ನೋಡಿಕೊಳ್ಳುವವನೇ! ಅಸಲಿ ಚಿತ್ರಗಳನ್ನು ಸಾಗಿಸಿ ನಕಲಿ ತೂಗುಹಾಕುತ್ತಿದ್ದ.

ಇನ್ನು ಆ ನಾಯಿ, ಅಂದ್ರೆ ಸ್ಕೂಬಿ. ಚಿತ್ರಕಾರ ಇವಾವೊ ತಕಮೊಟೊ ಒಳ್ಳೆಯ ಗ್ರೇಟ್ ಡೇನ್ ತಳಿಯ ನಾಯಿ ಹೇಗಿರಬೇಕು ಅಂತ ಕೇಳಿ ತಿಳಿದುಕೊಂಡು, ಸುಮ್ನೆ ಎಲ್ಲವನ್ನೂ ಉಲ್ಟಾ ಬರೆದರು. ಕಾಲು ಸೊಟ್ಟ, ಗಲ್ಲ ದೊಡ್ಡದು, ಬೆನ್ನು ಇಳಿಜಾರು. ನನಗಂತೂ ಕಥೆಗಿಂತ ಅದೇ ಇಷ್ಟ.