ಉಳಿ ಹಿಡಿದ ಕೈ ಕಾಣಲಿಲ್ಲ

ನಮಸ್ಕಾರ.

ನೀವು ಕಳಿಸಿದ ಕಾದಂಬರಿಯ ಮೊದಲ ಆರು ಅಧ್ಯಾಯಗಳನ್ನು ಎರಡು ಸಲ ಓದಿದೆ. ಈಗ ಇರುವ ಹಾಗೆ ಇದನ್ನು ಪ್ರಕಟಿಸಲು ಆಗುವುದಿಲ್ಲ. ಹಾಗಂತ ಎರಡು ಸಾಲು ಬರೆದು ವಾಪಸ್ ಕಳಿಸಲು ಮನಸ್ಸಾಗಲಿಲ್ಲ. ಐದನೇ ಅಧ್ಯಾಯದ ಒಂದು ಪುಟ ಅದಕ್ಕೆ ಕಾರಣ. ಅದರ ಮಾತು ಆಮೇಲೆ.

ಮೊದಲು ತೊಂದರೆ ಹೇಳಿಬಿಡುತ್ತೇನೆ. ನಿಮ್ಮ ಲೋಕದಲ್ಲಿ 64 ಮಂತ್ರಾಕ್ಷರಗಳಿವೆ. ಕೆತ್ತಿದ ಕೂಡಲೇ ಅವಕ್ಕೆ ಜೀವ ಬರುತ್ತದೆ. ಬೆಂಕಿಯ ಅಕ್ಷರ ಸುಡುತ್ತದೆ, ನೀರಿನ ಅಕ್ಷರ ತಣಿಸುತ್ತದೆ, ಎರಡೂ ಸೇರಿದರೆ ಹಬೆ ಏಳುತ್ತದೆ. ಮೊದಲ ಅಧ್ಯಾಯದಲ್ಲಿ ಗುರುಗಳು ಇದನ್ನೆಲ್ಲ ಶಿಷ್ಯೆಗೆ ಹನ್ನೊಂದು ಪುಟ ವಿವರಿಸುತ್ತಾರೆ. ನಾಲ್ಕನೇ ಪುಟ ಮುಟ್ಟುವಷ್ಟರಲ್ಲಿ ನನಗೆ ಎರಡನೇ ಪುಟದ ಅಕ್ಷರಗಳು ಮರೆತುಹೋಗಿದ್ದವು. ಈ ಪಟ್ಟಿಗಾಗಿ ನೀವು ಎಷ್ಟು ರಾತ್ರಿ ಕೂತಿರಬೇಕು ಅಂತ ಗೊತ್ತಾಗುತ್ತದೆ. ಅದನ್ನು ಹರಿದು ಹಾಕಬೇಡಿ, ನಿಮ್ಮ ಹತ್ತಿರ ಇಟ್ಟುಕೊಳ್ಳಿ. ಓದುಗರಿಗೆ ಮೊದಲ ಅಧ್ಯಾಯದಲ್ಲಿ ಒಂದೇ ಅಕ್ಷರ ಕೊಡಿ. ಇಡೀ ಕಾದಂಬರಿಗೆ ಏಳೆಂಟು ಇದ್ದರೂ ಜಾಸ್ತಿಯೇ.

ಇದು ಸುಲಭವಾಗಿ ತಿದ್ದಬಹುದಾದ ತಪ್ಪು. ಇದಕ್ಕಿಂತ ದೊಡ್ಡದು ಮೂರನೇ ಅಧ್ಯಾಯದ ಕಾಳಗದಲ್ಲಿದೆ. ಅಲ್ಲಿ ನಿಮ್ಮ ನಾಯಕಿ ಗಾಳಿಯಲ್ಲಿ ಬೆರಳಾಡಿಸಿ, ಕಣ್ಣು ಮಿಟುಕಿಸುವಷ್ಟರಲ್ಲಿ ಮೂರು ಅಕ್ಷರ ಬರೆಯುತ್ತಾಳೆ. ಬೆಂಕಿಯ ಗೋಡೆ ಏಳುತ್ತದೆ. ಅವಳು ಬಾಯಲ್ಲಿ ಮಂತ್ರ ಹೇಳಿದ್ದರೂ ಅದೇ ಗೋಡೆ ಏಳುತ್ತಿತ್ತು, ಅಲ್ವಾ? ಹಾಗಾದರೆ ಅಕ್ಷರ ಯಾಕೆ ಬೇಕಿತ್ತು? ಮಾತು ಆಡಿದ ಕೂಡಲೇ ಹೋಗುತ್ತದೆ. ಕೆತ್ತಿದ್ದು ಉಳಿಯುತ್ತದೆ. ಕೆತ್ತಲು ಹೊತ್ತು ಬೇಕು, ಉಳಿ ಬೇಕು, ಕಲ್ಲೋ ಮರವೋ ಬೇಕು. ಕೆತ್ತಿದವಳು ಸತ್ತ ಮೇಲೂ ಅಕ್ಷರ ತನ್ನ ಕೆಲಸ ಮಾಡುತ್ತಲೇ ಇರುತ್ತದೆ. ಯಾರೋ ಗೊತ್ತಿಲ್ಲದವರು ಬಂದು ಅದಕ್ಕೊಂದು ಗೆರೆ ಸೇರಿಸಬಹುದು. ನಿಮ್ಮ ಕಥೆ ಹುಟ್ಟಬೇಕಾದದ್ದು ಇಲ್ಲಿ. ಇದನ್ನು ಬಿಟ್ಟುಕೊಟ್ಟರೆ ನಿಮ್ಮ ಕೈಯಲ್ಲಿ ಉಳಿಯುವುದು ಬಣ್ಣದ ಬೆಳಕು ಮಾತ್ರ.

'ಅವಳು ಕಲ್ಲಿನ ಮೇಲೆ ಅಗ್ನಿಯ ಅಕ್ಷರವನ್ನು ಕೆತ್ತಿದಳು. ಅದು ದೇದೀಪ್ಯಮಾನವಾಗಿ ಪ್ರಜ್ವಲಿಸಿತು' ಎಂದು ಎರಡನೇ ಅಧ್ಯಾಯದಲ್ಲಿ ಬರೆದಿದ್ದೀರಿ. ಉರಿಯುವುದಕ್ಕೆ ಎರಡು ದೊಡ್ಡ ಪದ ಖರ್ಚಾಗಿವೆ, ಕೆತ್ತುವುದಕ್ಕೆ ಒಂದೇ ಒಂದು. ಒಮ್ಮೆ ನಾನು ಕಲ್ಲಿನಲ್ಲಿ ಅಕ್ಷರ ಕೆತ್ತುವವರೊಬ್ಬರ ಪಕ್ಕ ಒಂದು ಮಧ್ಯಾಹ್ನ ಪೂರ್ತಿ ಕೂತಿದ್ದೆ. ಮೊದಲು ಅವರು ಕಲ್ಲಿನ ಮೇಲೆ ಅಕ್ಷರ ಬರೆದುಕೊಂಡರು. ಉಳಿಯನ್ನು ಓರೆಯಾಗಿ ಹಿಡಿದು ಸಣ್ಣ ಸಣ್ಣ ಪೆಟ್ಟು ಕೊಟ್ಟರು. ನಾಲ್ಕು ಪೆಟ್ಟಿಗೊಮ್ಮೆ ಬಾಗಿ ಪುಡಿ ಊದುತ್ತಿದ್ದರು. ಗೆರೆಯ ತುದಿ ಹತ್ತಿರ ಬಂದಾಗ ಕೈ ನಿಂತಿತು. ಉಳಿ ತಿರುಗಿಸಿ ತುದಿಯಿಂದ ಒಳಮುಖವಾಗಿ ಹೊಡೆಯತೊಡಗಿದರು. ಹೊರಮುಖವಾಗಿ ಹೊಡೆದರೆ ತುದಿಯಲ್ಲಿ ಚಕ್ಕೆ ಏಳುತ್ತದೆ, ಎದ್ದ ಚಕ್ಕೆಯನ್ನು ಮತ್ತೆ ಕೂರಿಸಲು ಬರುವುದಿಲ್ಲ ಅಂದರು. ಆ ತುದಿ ಮುಗಿಯುವ ತನಕ ನಾನೂ ಉಸಿರು ಬಿಗಿಹಿಡಿದಿದ್ದೆ. ಅಲ್ಲಿ ಮಂತ್ರವೂ ಇರಲಿಲ್ಲ, ಶತ್ರುವೂ ಇರಲಿಲ್ಲ. ನಿಮ್ಮ ಕಥೆಯಲ್ಲಿ ಎರಡೂ ಇವೆ. ಬಾಗಿಲಾಚೆ ಸೈನಿಕರ ಹೆಜ್ಜೆ ಕೇಳುತ್ತಿರುವಾಗ ಅವಳಿಗೆ ಆ ಒಂದು ತುದಿ ಬಾಕಿ ಇದೆ ಅಂತ ಇಟ್ಟುಕೊಳ್ಳಿ.

ಯಾವುದರ ಮೇಲೆ ಕೆತ್ತಿದರೂ ಒಂದೇ ಎಂಬ ನಿಮ್ಮ ನಿಯಮವನ್ನೂ ಕೈಬಿಡಿ. ವಸ್ತು ಅಕ್ಷರದ ಆಕಾರವನ್ನೇ ಬದಲಿಸುತ್ತದೆ. ಉತ್ತರ ಯುರೋಪಿನ ಹಳೆಯ ರೂನ್ ಲಿಪಿಯ 24 ಅಕ್ಷರಗಳನ್ನು ನೋಡಿ. ಬಹುಪಾಲು ನೆಟ್ಟಗಿನ ಗೆರೆ, ಓರೆ ಗೆರೆ. ಅಡ್ಡಗೆರೆ ಕಾಣುವುದೇ ಅಪರೂಪ. ಮರದ ಎಳೆಯ ಗುಂಟ ಗೆರೆ ಕೊರೆದರೆ ಅದು ಎಳೆಯಲ್ಲೇ ಸೇರಿಹೋಗುತ್ತದೆ ಎನ್ನುವುದು ಇದಕ್ಕೆ ಸಾಮಾನ್ಯವಾಗಿ ಕೊಡುವ ಕಾರಣ. ತಾಳೆಗರಿಯ ಮೇಲೆ ಬರೆಯುತ್ತಿದ್ದ ಲಿಪಿಗಳು ದುಂಡಗಾದದ್ದಕ್ಕೂ ಇಂಥದೇ ವಿವರಣೆ ಇದೆ. ನಾರಿನ ಗುಂಟ ನೇರ ಗೆರೆ ಎಳೆದರೆ ಗರಿ ಸೀಳುತ್ತದೆ. ಇನ್ನೊಂದು ಸಂಗತಿ ನನಗೆ ತುಂಬಾ ಇಷ್ಟ. ಗರಿಯ ಮೇಲೆ ಕಬ್ಬಿಣದ ಮೊನೆಯಿಂದ ಕೊರೆದ ಅಕ್ಷರ ಮೊದಲಿಗೆ ಸರಿಯಾಗಿ ಕಾಣುವುದೇ ಇಲ್ಲ. ಮಸಿ ಸವರಿ ಒರೆಸಿದಾಗ ಗೀರಿನೊಳಗೆ ಕಪ್ಪು ಕೂತು, ಅಕ್ಷರ ಎದ್ದು ಬರುತ್ತದೆ. ಕೊರೆದಾಗ ಮಲಗಿರುವ ಅಕ್ಷರ ಮಸಿ ತಾಗಿದಾಗ ಎಚ್ಚರಗೊಳ್ಳುತ್ತದೆ ಅಂತ ನೀವು ಬರೆದರೆ ಹೇಗಿರುತ್ತದೆ? ನಿಮ್ಮ ನಾಯಕಿ ಆ ಗರಿಯನ್ನು ಶತ್ರುವಿನ ಕೈಗೇ ಕೊಟ್ಟು ಬರಬಹುದು. ಅವನು ಅದನ್ನು ಬೆಳಕಿಗೆ ಹಿಡಿದು ಏನೂ ಇಲ್ಲವೆಂದು ಎಸೆಯಬಹುದು.

ಮಂತ್ರಕ್ಕೆ ಬೆಲೆ ಇರಬೇಕು ಅಂತ ನಿಮಗೆ ಗೊತ್ತಿದೆ. ಅದಕ್ಕೇ ಪ್ರತಿ ಸಲವೂ ಅವಳ ಮೂಗಿನಿಂದ ರಕ್ತ ಬರುತ್ತದೆ. ಎರಡನೇ ಸಲಕ್ಕೆ ಓದುಗರಿಗೆ ಅದು ಅಭ್ಯಾಸವಾಗಿಬಿಡುತ್ತದೆ. ಬರೆಯುವವರು ತೆರುವ ಬೆಲೆ ತಪ್ಪಿನಲ್ಲಿದೆ. ಐಸ್‌ಲ್ಯಾಂಡಿನ ಹಳೆಯ ಕಥೆಯೊಂದರಲ್ಲಿ ಒಬ್ಬ ಹುಡುಗ, ತಾನು ಮೆಚ್ಚಿದವಳು ಒಲಿಯಲಿ ಎಂದು ತಿಮಿಂಗಿಲದ ಎಲುಬಿನ ಮೇಲೆ ರೂನ್ ಕೆತ್ತುತ್ತಾನೆ. ಅದು ಅವಳ ಹಾಸಿಗೆ ಸೇರುತ್ತದೆ. ಅವನಿಗೆ ವಿದ್ಯೆ ಪೂರ್ತಿ ಬರುವುದಿಲ್ಲ. ಹುಡುಗಿ ಕಾಯಿಲೆ ಬೀಳುತ್ತಾಳೆ. ಬಲ್ಲವನೊಬ್ಬ ಬಂದು ಎಲುಬು ಹುಡುಕಿ, ಅಕ್ಷರ ಕೆರೆದು ಸುಟ್ಟು, ಬೇರೆ ಕೆತ್ತಿ ಅವಳ ದಿಂಬಿನ ಕೆಳಗೆ ಇಟ್ಟ ಮೇಲೆ ಚೇತರಿಸಿಕೊಳ್ಳುತ್ತಾಳೆ. ನಿಮ್ಮ 64 ಅಕ್ಷರಗಳಲ್ಲಿ ಒಂದನ್ನಾದರೂ ಯಾರಾದರೂ ತಪ್ಪಾಗಿ ಕೆತ್ತಿದ್ದಾರಾ? ಹುಡುಕಿದೆ, ಸಿಗಲಿಲ್ಲ.

ಅಕ್ಷರಕ್ಕೆ ನಿಜವಾಗಿ ಹೆದರಿದ ಜನ ಹೇಗೆ ನಡೆದುಕೊಂಡರು ಅಂತಲೂ ನೋಡಿ. 4000 ವರ್ಷಗಳಿಗೂ ಹಿಂದಿನ ಈಜಿಪ್ಟಿನ ಪಿರಮಿಡ್ ಬರಹಗಳಲ್ಲಿ ಸಿಂಹದ ಚಿತ್ರಾಕ್ಷರವನ್ನು ಕೆಲವೆಡೆ ಎರಡು ತುಂಡಾಗಿ ಕೆತ್ತಿದ್ದಾರೆ. ಪೂರ್ತಿ ಕೆತ್ತಿದರೆ ಅದು ಒಳಗೆ ಮಲಗಿದ ರಾಜನ ಮೇಲೆ ಬಿದ್ದೀತೆಂಬ ಭಯ. ಇಂಗ್ಲೆಂಡಿನ ಬಾತ್‌ನ ಬಿಸಿನೀರಿನ ಬುಗ್ಗೆಯಲ್ಲಿ ರೋಮನ್ನರ ಕಾಲದ ಸುಮಾರು 130 ಶಾಪದ ತಗಡುಗಳು ಸಿಕ್ಕಿವೆ. ಸೀಸದ ಮೇಲೆ ಗೀಚಿ, ಮಡಿಸಿ ನೀರಿಗೆ ಹಾಕಿದವು. ಹೆಚ್ಚಿನವು ಕಳ್ಳರ ಮೇಲಿನ ಸಿಟ್ಟು. ಕಳ್ಳ ಯಾರೆಂದು ಗೊತ್ತಿಲ್ಲದ್ದರಿಂದ, ಗಂಡಾಗಲಿ ಹೆಣ್ಣಾಗಲಿ, ಗುಲಾಮನಾಗಲಿ ಸ್ವತಂತ್ರನಾಗಲಿ ಅಂತ ಬರೆದು, ಯಾರೂ ನುಣುಚಿಕೊಳ್ಳದ ಹಾಗೆ ನೋಡಿಕೊಳ್ಳುತ್ತಿದ್ದರು. ನಿಮ್ಮ ಖಳನಾಯಕ ಜೋರಾಗಿ ನಗುವುದನ್ನು ಬಿಟ್ಟು, ಕೆತ್ತಿದ ಸಾಲಿನಲ್ಲಿ ಸಂದು ಹುಡುಕಲಿ. ಆಗ ಅವನಿಗೆ ನಾನೂ ಹೆದರುತ್ತೇನೆ.

ಈಗ ಆ ಐದನೇ ಅಧ್ಯಾಯದ ಪುಟ. ದಾರಿಯಲ್ಲಿ ನಾಯಕಿ ಒಂದು ರಾತ್ರಿ ಅಜ್ಜಿಯೊಬ್ಬಳ ಮನೆಯಲ್ಲಿ ತಂಗುತ್ತಾಳೆ. 'ಹೊಸ್ತಿಲ ಅಕ್ಷರದ ಎಡಗಡೆ ಸವೆದಿತ್ತು. ಮೂರು ತಲೆಮಾರಿನ ಪಾದಗಳು ಅದನ್ನು ತಿಂದಿದ್ದವು. ಈಗ ಅದು ಕಳ್ಳರನ್ನು ತಡೆಯುತ್ತಿರಲಿಲ್ಲ. ಮನೆಯವರನ್ನೇ ಅರೆಗಳಿಗೆ ತಡೆದು ಬಿಡುತ್ತಿತ್ತು.' ಇದನ್ನು ಓದಿ ನಾನು ಸ್ವಲ್ಪ ಹೊತ್ತು ಸುಮ್ನೆ ಕೂತೆ. ಇದನ್ನು ಬರೆದವರಿಗೆ ಬರೆಯಲು ಬರುತ್ತದೆ. ಆದರೆ ಮುಂದಿನ ಪುಟದಲ್ಲೇ ನಾಯಕಿ ಬೆರಳಾಡಿಸಿ ಅದನ್ನು ಸರಿಮಾಡಿ ಹೊರಟುಬಿಡುತ್ತಾಳೆ. ದಯವಿಟ್ಟು ಹಾಗೆ ಮಾಡಿಸಬೇಡಿ. ಅಷ್ಟು ವರ್ಷ ಅಜ್ಜಿ ಅದನ್ನು ಮತ್ತೆ ಕೆತ್ತಿಸಲಿಲ್ಲ ಯಾಕೆ? ಅದನ್ನು ಕೆತ್ತಿದವರು ಅವಳಿಗೆ ಏನಾಗಬೇಕು? ಕಾದಂಬರಿ ಈ ಮನೆಯಿಂದಲೇ ಶುರುವಾಗಲಿ. ನಾಯಕಿ ಉಳಿ ಹಿಡಿದು ಆ ಹೊಸ್ತಿಲ ಮುಂದೆ ಕೂರಲಿ. ಅಜ್ಜಿ ಬೇಡ ಅನ್ನಲಿ.

ಸದ್ಯಕ್ಕೆ ಆ ಒಂದು ಅಧ್ಯಾಯವನ್ನಷ್ಟೇ ಬರೆದು ಕಳಿಸಿ. ಆರು ತಿಂಗಳಾದರೂ ಪರವಾಗಿಲ್ಲ, ಕಾಯುತ್ತೇನೆ.