ನಾರ್ವೆಯ ಟಿವಿ ತನಿಖಾ ಪತ್ರಕರ್ತ ಆಲ್ಫ್ ಆರ್. ಯಾಕೋಬ್‌ಸೆನ್ ಅವರ ಮುಖ್ಯ ಸಾಧನೆ ಯಾವುದು?

1950ರಲ್ಲಿ ಉತ್ತರ ನಾರ್ವೆಯ ಹ್ಯಾಮರ್‌ಫೆಸ್ಟ್‌ನಲ್ಲಿ ಹುಟ್ಟಿದ ಯಾಕೋಬ್‌ಸೆನ್ ಅವರು ಸಾರ್ವಜನಿಕ ಪ್ರಸಾರ ಸಂಸ್ಥೆಯಾದ ಎನ್‌ಆರ್‌ಕೆಯ ‘ಬ್ರೆನ್‌ಪುಂಕ್ಟ್’ ತನಿಖಾ ಕಾರ್ಯಕ್ರಮದಲ್ಲಿ ದುಡಿದವರು. ಪತ್ತೇದಾರಿ ಕಾದಂಬರಿಗಳನ್ನೂ ಬರೆದಿದ್ದಾರೆ. ಅವರ ವೃತ್ತಿಜೀವನದಲ್ಲಿ ನನಗೆ ಎಲ್ಲಕ್ಕಿಂತ ಮಿಗಿಲಾಗಿ ಕಾಣುವುದು ‘ಶಾರ್ನ್‌ಹೋರ್ಸ್ಟ್’ ನೌಕೆಯ ಶೋಧ. 1943ರ ಡಿಸೆಂಬರ್ 26ರಂದು ನಾರ್ವೆಯ ಉತ್ತರ ತುದಿಯ ನಾರ್ತ್ ಕೇಪ್‌ನ ಉತ್ತರಕ್ಕೆ ಬ್ರಿಟಿಷ್ ನೌಕಾಪಡೆ ಮುಳುಗಿಸಿದ ಈ ಜರ್ಮನ್ ಯುದ್ಧನೌಕೆಯಲ್ಲಿದ್ದ ಸುಮಾರು ಎರಡು ಸಾವಿರ ಮಂದಿಯಲ್ಲಿ ಬದುಕುಳಿದವರು ಕೇವಲ 36 ಜನ. ಬ್ರಿಟಿಷ್ ದಾಖಲೆಯಲ್ಲಿದ್ದ ಮುಳುಗಡೆಯ ಸ್ಥಾನವೇ ತಪ್ಪಾಗಿದ್ದುದರಿಂದ, ಸಿದ್ಧ ಉತ್ತರವನ್ನು ಒಪ್ಪಿಕೊಳ್ಳದೆ ಹುಡುಕುವ ತನಿಖಾ ಪತ್ರಕರ್ತನ ಸ್ವಭಾವವೇ ಇಲ್ಲಿ ಬೇಕಾಗಿತ್ತು. ಕೊನೆಗೆ 2000ದ ಸೆಪ್ಟೆಂಬರ್‌ನಲ್ಲಿ, ನಾರ್ವೆಯ ನೌಕಾಪಡೆಯ ನೆರವಿನೊಂದಿಗೆ, ಸುಮಾರು 290 ಮೀಟರ್ ಆಳದಲ್ಲಿ ಅವಶೇಷ ಪತ್ತೆಯಾಯಿತು. 1940ರ ಏಪ್ರಿಲ್‌ನಲ್ಲಿ ಓಸ್ಲೋ ಬಳಿ ಮುಳುಗಿದ ‘ಬ್ಲ್ಯೂಷರ್’ ಎಂಬ ಜರ್ಮನ್ ಯುದ್ಧನೌಕೆಯ ಬಗ್ಗೆಯೂ ಅವರು ಪುಸ್ತಕ ಬರೆದಿದ್ದಾರೆ.